ಮೂವತ್ತೊಂದನೇ ಪುಟದ ಗಾಳಿ

ಅಮೆರಿಕದ ನ್ಯೂಕ್ಯಾಸಲ್‌ನ ನಮ್ಮ ಬೀದಿಯಲ್ಲಿ ಹದಿನಾಲ್ಕು ಮನೆಗಳಿವೆ. ಹದಿಮೂರರಲ್ಲಿ ಸಾಫ್ಟ್‌ವೇರಿನವರು. ಉಳಿದ ಒಂದರಲ್ಲಿ, ಅಂದರೆ ನಮ್ಮ ಪಕ್ಕದ ಮನೆಯಲ್ಲಿ, ಬಿಳಿ ಗಡ್ಡದವರೊಬ್ಬರು ಹಗಲೆಲ್ಲ ಕಿಟಕಿಯ ಬಳಿ ಕೂತು ಪೆನ್ಸಿಲ್ ಹಿಡಿದು ಗೀಚುತ್ತಿರುತ್ತಾರೆ. 2012ರಲ್ಲಿ ನಾವು ಈ ಮನೆಗೆ ಬಂದ ದಿನ ನನ್ನ ಗಂಡ ಆಸಿಫ್ ಅವರನ್ನು ನೋಡಿ, "ಪಾಪ, ಕೆಲಸ ಹೋಗಿರ್ಬೇಕು" ಎಂದರು. ವಾರದ ದಿನ ಮಧ್ಯಾಹ್ನ ಮನೆಯಲ್ಲಿರುವವರ ಬಗ್ಗೆ ನಮ್ಮ ಕಡೆಯವರಿಗೆ ಬೇರೆ ವಿವರಣೆ ಹೊಳೆಯುವುದಿಲ್ಲ.

ಸಂಜೆ ಅದೇ ಮನುಷ್ಯ ನಮ್ಮ ಬಾಗಿಲು ತಟ್ಟಿದರು. ಬಾಯಿ ತೆರೆದವರೇ, "ನಮಸ್ಕಾರ್ರೀ. ಹೊಸದಾಗಿ ಬಂದೀರಲ್ಲ, ಚಾ ಕುಡ್ಯಾಕ ಬರ್ರಿ" ಎಂದರು.

ಮೈಸೂರಿನಲ್ಲಿ ಹುಟ್ಟಿ ಬೆಳೆದ ನಾನು, "ಥ್ಯಾಂಕ್ಯೂ, ಶ್ಯೂರ್" ಎಂದೆ. ಕನ್ನಡ ಉಳಿಸುವ ಕೆಲಸ ಆ ಕ್ಷಣದಲ್ಲಿ ಯಾರ ಕೈಯಲ್ಲಿತ್ತು ಎಂದು ನೀವೇ ಊಹಿಸಿಕೊಳ್ಳಿ.

ಅವರ ಹೆಸರು ಎಲಾಯ್ ಸಾಂಚಿಸ್. ಸ್ಪೇನಿನವರು. ವೃತ್ತಿ, ಕಾಮಿಕ್ಸ್ ಚಿತ್ರ ಬರೆಯುವುದು. ಹೆಂಡತಿ ಕಮಲಾಕ್ಷಿ ಹಾವೇರಿ ಜಿಲ್ಲೆಯ ಬ್ಯಾಡಗಿಯವರು. ಎಂಬತ್ತರ ದಶಕದಲ್ಲೇ ಓದಲು ಬಂದು, ಇಲ್ಲಿನ ವಿಶ್ವವಿದ್ಯಾಲಯದಲ್ಲಿ ಮೀನಿನ ಸಂಶೋಧಕಿಯಾದವರು. ಸಮುದ್ರವನ್ನೇ ಕಾಣದ ಊರು, ಮೊಟ್ಟೆಯನ್ನೂ ಮುಟ್ಟದ ಮನೆತನ. ಅಂಥಲ್ಲಿಂದ ಬಂದು ಮೂವತ್ತು ವರ್ಷ ಸಾಮನ್ ಮೀನಿನ ಕಿವಿಯೊಳಗಿನ ಮೂಳೆ ನೋಡಿ ಅದರ ವಯಸ್ಸು ಹೇಳುತ್ತಿದ್ದರು. ಎಲಾಯ್ ಅಂಕಲ್‌ಗೆ ಕನ್ನಡ ಕಲಿಸಿದವರು ಅವರೇ. ನಮ್ಮ ಕನ್ನಡ ಕೂಟದವರಿಗೆ ಎಲಾಯ್ ಎಂಬ ಹೆಸರು ಬಾಯಿಗೆ ಕೂರಲಿಲ್ಲ. ಮೊದಲ ಯುಗಾದಿಗೇ "ಎಲೈ" ಮಾಡಿದರು. ಪೌರಾಣಿಕ ನಾಟಕದಲ್ಲಿ ದೂತನನ್ನು ಕರೆಯುವ ಹಾಗೆ. ಅವರು ಬೇಸರಪಡಲಿಲ್ಲ. ಅಮೆರಿಕದವರು ಅದಕ್ಕಿಂತ ಹೆಚ್ಚು ಕೆಡಿಸಿದ್ದರು.

ಅವರ ಜೀವನವೃತ್ತಾಂತವನ್ನು ನಾನು ಕಂತುಕಂತಾಗಿ, ಅವರ ಅಡುಗೆಮನೆಯಲ್ಲಿ ಚಾ ಕುಡಿಯುತ್ತ ಕೇಳಿದ್ದೇನೆ. ಹುಟ್ಟಿದ್ದು 1961ರಲ್ಲಿ, ವಲೆನ್ಸಿಯಾ ಸೀಮೆಯ ಆಲ್ಕೊಯ್ ಎಂಬ ಗಿರಣಿ ಊರಲ್ಲಿ. ತಂದೆ ಸಿಗರೇಟು ಸುತ್ತುವ ಕಾಗದದ ಕಾರ್ಖಾನೆಯಲ್ಲಿ ಕೆಲಸಗಾರ. ಮನೆ ತುಂಬ ಕಾಗದ. ಆದರೆ ಪೆನ್ಸಿಲ್ ತಾಗಿದರೆ ಹರಿಯುವಂಥದು. ಹುಡುಗನ ಕೈ ಹಗುರವಾದದ್ದು ಹಾಗೆ ಎಂದು ಅವರು ಹೇಳುತ್ತಾರೆ. ಹದಿನಾರಕ್ಕೆ ವಲೆನ್ಸಿಯಾ ನಗರದ ಒಂದು ಕಾಮಿಕ್ಸ್ ಸ್ಟುಡಿಯೋದಲ್ಲಿ ಕೆಲಸಕ್ಕೆ ಸೇರಿದರು. ಅಲ್ಲಿ ಮೊದಲ ವರ್ಷ ಅವರ ಕಲಾಸೇವೆಯೆಂದರೆ ಹಿರಿಯರು ಶಾಯಿ ಹಾಕಿ ಮುಗಿಸಿದ ಪುಟಗಳ ಮೇಲಿನ ಪೆನ್ಸಿಲ್ ಗೆರೆಗಳನ್ನು ರಬ್ಬರಿನಿಂದ ಒರೆಸುವುದು.

ಎರಡನೇ ವರ್ಷ ಬಡ್ತಿ ಸಿಕ್ಕಿತು. ಇಂಗ್ಲೆಂಡಿನ ಹುಡುಗಿಯರ ವಾರಪತ್ರಿಕೆಯೊಂದರ ಧಾರಾವಾಹಿಗೆ ಚಿತ್ರ ಬರೆಯುವ ಕೆಲಸ. ಅವರು ಇಂಗ್ಲೆಂಡ್ ನೋಡಿರಲಿಲ್ಲ, ಇಂಗ್ಲಿಷ್ ಬರುತ್ತಿರಲಿಲ್ಲ, ಹುಡುಗಿಯರ ಜೊತೆ ಮಾತಾಡಿ ಅಭ್ಯಾಸವೂ ಇರಲಿಲ್ಲ. ಇಷ್ಟೆಲ್ಲ ಅರ್ಹತೆಯಿದ್ದವರನ್ನು ಬಿಡುವುದುಂಟೆ? ಕಥೆಯನ್ನು ಸ್ಟುಡಿಯೋದ ಯಜಮಾನರೇ ನಿಘಂಟು ಹಿಡಿದು ಸ್ಪ್ಯಾನಿಷ್‌ಗೆ ಅನುವಾದಿಸಿ ಕೊಡುತ್ತಿದ್ದರು. ಒಮ್ಮೆ ಕಥೆಯಲ್ಲಿ ನಾಯಕಿ "ಬ್ಯಾಟ್ ಹಿಡಿದು ಮೈದಾನಕ್ಕೆ ಹೋದಳು" ಎಂದಿತ್ತು. ಇಂಗ್ಲಿಷಿನಲ್ಲಿ ಬಾವಲಿಗೂ ಅದೇ ಪದ. ಯಜಮಾನರು ನಿಘಂಟಿನಲ್ಲಿ ಮೊದಲು ಸಿಕ್ಕ ಅರ್ಥ ತೆಗೆದುಕೊಂಡರು. ಎಲಾಯ್ ಕೂಡ ಶ್ರದ್ಧೆಯಿಂದ, ಶಾಲೆಯ ಸಮವಸ್ತ್ರ ತೊಟ್ಟ ಹುಡುಗಿಯ ಭುಜದ ಮೇಲೆ ಒಂದು ಬಾವಲಿ ಕೂರಿಸಿದರು.

"ಆಮೇಲೆ? ಬೈದ್ರಾ?" ಎಂದು ನಾನು ಕೇಳಿದ್ದೆ.

"ಇಲ್ಲವ್ವಾ, ಬೈಲಿಲ್ಲ. ಓದೋ ಹುಡುಗ್ಯಾರಿಗೆ ಬಾಳ ಸೇರ್ತಂತ. ಬಾವಲಿಗೆ ಹೆಸರಿಡ್ರಿ ಅಂತ ಪತ್ರ ಬರದ್ರು. ಹೆಸರು ಇಟ್ರು ಸೈತ. ಬರದಾಂವನ ಹೆಸರು ಮಾತ್ರ ಎಲ್ಲೂ ಹಾಕ್ಲಿಲ್ಲ."

ಹೀಗೆ ಹನ್ನೆರಡು ವರ್ಷ ಕಳೆಯಿತು. ತೊಂಬತ್ತರ ಸುಮಾರಿಗೆ ಅಮೆರಿಕದ ಕಂಪನಿಯೊಂದು ಫ್ಯಾಕ್ಸ್‌ನಲ್ಲಿ ಕರೆಯಿತು. ಈ ಸಲ ಉಕ್ಕಿನ ಅಂಗಿ ತೊಟ್ಟ ಮಹಾವೀರ. ಸಂಪಾದಕರ ಏಕೈಕ ಬೇಡಿಕೆ: ಇನ್ನೂ ಸ್ನಾಯು ಬೇಕು. ಮನುಷ್ಯನಲ್ಲಿ ಇರುವಷ್ಟು ಸ್ನಾಯುಗಳು ಮುಗಿದ ಮೇಲೆ ಎಲಾಯ್ ಹೊಸದಾಗಿ ಕೆಲವನ್ನು ಸೃಷ್ಟಿಸಿ ಕೊಟ್ಟರಂತೆ. ಆ ಬೇಸರ ಕಳೆಯಲು ಒಂದು ಸಣ್ಣ ಪಾತ್ರವನ್ನೂ ನಡುವೆ ತೂರಿಸಿದರು. ವೀರನ ಹರಿದುಹೋದ ಅಂಗಿಯನ್ನು ಹೊಲಿದುಕೊಡುವ ಮುದುಕಿ. ಅವಳು ಹೊಲಿದರೆ ಅಂಗಿಯ ಜೊತೆ ಒಳಗಿನ ಗಾಯವೂ ಕೂಡಿಕೊಳ್ಳುತ್ತದೆ. ಮುಖ, ಆಲ್ಕೊಯ್‌ನಲ್ಲಿ ಬಟ್ಟೆ ಹೊಲಿಯುತ್ತಿದ್ದ ಅವರ ಸೋದರತ್ತೆಯದು. ದಪ್ಪ ಕನ್ನಡಕ, ಬಾಯಲ್ಲಿ ಗುಂಡುಸೂಜಿ. ಇಲ್ಲಿ ಅವಳನ್ನು ದರ್ಜಿ ಅಜ್ಜಿ ಎನ್ನೋಣ. ನಿಜವಾದ ಹೆಸರು ಹೇಳಿದರೆ ಆ ಕಂಪನಿಯ ವಕೀಲರು ನಮ್ಮ ಬೀದಿಯಲ್ಲಿ ಕಾರು ನಿಲ್ಲಿಸುತ್ತಾರೆ.

1993ರಲ್ಲಿ ಕಮಲಾಕ್ಷಿ ಆಂಟಿ ಸಮ್ಮೇಳನವೊಂದಕ್ಕೆ ವಲೆನ್ಸಿಯಾಕ್ಕೆ ಹೋದರು. ಅವರ ಪೆಟ್ಟಿಗೆ, ಅದರೊಳಗಿನ ಚಿತ್ರಪಟಗಳ ಸಮೇತ, ಬೇರೆ ಯಾವುದೋ ದೇಶಕ್ಕೆ ಹೋಯಿತು. ಮರುದಿನ ಭಾಷಣ. ಅವರು ಓಡಿಹೋದ ಮುದ್ರಣದಂಗಡಿಯವನು ಪಕ್ಕದಲ್ಲೇ ಇದ್ದ ಚಿತ್ರಗಾರನನ್ನು ತೋರಿಸಿದ. ಎಲಾಯ್ ಒಂದೇ ಮಧ್ಯಾಹ್ನದಲ್ಲಿ ಸಾಮನ್ ಮೀನು ಬರೆದುಕೊಟ್ಟರು. ಎದೆಯುಬ್ಬಿಸಿದ, ಅಗಲ ಭುಜದ, ಯಾರನ್ನಾದರೂ ಹೊಡೆಯಲು ಹೊರಟಂಥ ಮೀನು.

"ಮೀನಿಗೆ ಹೆಗಲು ಇರಂಗಿಲ್ಲ ಅಂತ ಹೇಳಿದ್ನಿ," ಆಂಟಿ ನೆನಪಿಸಿಕೊಂಡು ನಗುತ್ತಿದ್ದರು. "ಇರಬೇಕಿತ್ತು ಅಂದ ಈ ಮನಶಾ. ಎಂಟು ಸಲ ತಿದ್ದಿಸಿದ್ನಿ. ಒಂದ್ ಸಲನೂ ಮುಖ ಸಿಂಡರಿಸ್ಲಿಲ್ಲ. ಅವತ್ತ ಅನ್ಕೊಂಡೆ, ಇವನ ಕೂಡ ಬಾಳುವೆ ಮಾಡಬಹುದು."

ಎರಡು ವರ್ಷಕ್ಕೆ ಮದುವೆಯಾಗಿ ಎಲಾಯ್ ಇಲ್ಲಿಗೆ ಬಂದರು. ಅವರು ಬಂದ ಕೆಲವೇ ತಿಂಗಳಲ್ಲಿ ಕಾಮಿಕ್ಸ್ ಮಾರುಕಟ್ಟೆ ಕುಸಿಯಿತು. ಎರಡಕ್ಕೂ ಸಂಬಂಧವಿಲ್ಲ ಎಂದು ಅವರ ವಾದ. ಮುಂದೆ ಒಂದು ವಿಡಿಯೋ ಗೇಮ್ ಕಂಪನಿ ಅವರ ಇಪ್ಪತ್ತೇಳು ವರ್ಷದ ಅನುಭವ ನೋಡಿ ಬೆರಗಾಗಿ, ಬಂಡೆಗಳ ವಿಭಾಗಕ್ಕೆ ಹಾಕಿತು. ಏಳು ವರ್ಷ ಕಲ್ಲು ಬರೆದರು. ಪಾಚಿ ಇರುವ ಕಲ್ಲು, ಪಾಚಿ ಇಲ್ಲದ ಕಲ್ಲು. 2011ರಲ್ಲಿ ಕಲ್ಲುಗಳು ಸಾಕಾದವೆಂದು ಕಂಪನಿಗೆ ಅನ್ನಿಸಿತು. ಅಂದರೆ ಆಸಿಫ್ ಊಹೆ ಸರಿಯಾಗಿಯೇ ಇತ್ತು. ಈ ವಿಷಯದಲ್ಲಿ ನಮ್ಮವರು ತಪ್ಪುವುದಿಲ್ಲ.

ನಮ್ಮ ಕನ್ನಡ ಕೂಟಕ್ಕೆ ಈ ಕಲಾವಿದರಿಂದ ಆದ ಪ್ರಯೋಜನಗಳು ಹಲವು. ಯುಗಾದಿಯ ಪೋಸ್ಟರ್, ಗಣೇಶನ ಹಿಂದಿನ ಪರದೆ, ಯಾರದೋ ಮಗುವಿನ ಹುಟ್ಟುಹಬ್ಬಕ್ಕೆ ರಾಕ್ಷಸನ ಮುಖವಾಡ. ಎಲ್ಲಕ್ಕೂ ಸಂಭಾವನೆ ಚಪ್ಪಾಳೆ. ಆಮೇಲೆ ಕಂಪ್ಯೂಟರೇ ಚಿತ್ರ ಬರೆಯುವ ಕಾಲ ಬಂತು. ಆ ವರ್ಷದ ರಾಜ್ಯೋತ್ಸವಕ್ಕೆ ಕೂಟದ ಅಧ್ಯಕ್ಷ ಸುಮುಖ್ ಪೋಸ್ಟರನ್ನು ತಾವೇ ಸಿದ್ಧ ಮಾಡಿಸಿದರು. ಅದನ್ನು ಹಿಡಿದು ಅಂಕಲ್ ಮನೆಗೆ ಬಂದಾಗ ನಾನೂ ಅಲ್ಲಿದ್ದೆ.

"ನೋಡಿ ಎಲೈ ಸರ್, ಎಂಟೇ ಸೆಕೆಂಡ್! ಇನ್ಮೇಲೆ ನಿಮಗೆ ತೊಂದ್ರೆ ಕೊಡೋದೇ ಇಲ್ಲ."

ಪೋಸ್ಟರಿನಲ್ಲಿ ಭುವನೇಶ್ವರಿ ನಗುತ್ತಿದ್ದಳು. ಅಭಯಹಸ್ತದಲ್ಲಿ ಏಳು ಬೆರಳು. ಕೆಳಗಿನ ಅಕ್ಷರಗಳು ದೂರದಿಂದ ಕನ್ನಡದಂತೆ, ಹತ್ತಿರದಿಂದ ಜಿಲೇಬಿಯಂತೆ ಇದ್ದವು.

"ಚಂದ ಐತ್ರಿ," ಎಂದರು ಅಂಕಲ್.

"ಒಂದೇ ಒಂದು ಸಣ್ಣ ಹೆಲ್ಪ್ ಸರ್. ಎರಡು ಬೆರಳು ತೆಗೆದು, ಅಕ್ಷರ ಸ್ವಲ್ಪ ಸರಿ ಮಾಡಿಕೊಡಿ. ನಿಮಗೇನು, ಐದ್ ನಿಮಿಷದ ಕೆಲ್ಸ."

ಅವರು ನಾಲ್ಕು ತಾಸು ಕೂತು ಬೆರಳು ತಿದ್ದಿದರು. ಕಾರ್ಯಕ್ರಮದಲ್ಲಿ ಸುಮುಖ್ ತಂತ್ರಜ್ಞಾನಕ್ಕೆ ಧನ್ಯವಾದ ಹೇಳಿದರು.

2022ರಲ್ಲಿ ಉಕ್ಕಿನ ಅಂಗಿಯ ವೀರ ಸಿನಿಮಾ ಆದ. ಕಂಪನಿಯಿಂದ ಅಂಕಲ್‌ಗೆ ಎರಡು ಟಿಕೆಟ್, ಒಂದು ಕಾಫಿ ಮಗ್ ಬಂದವು. ಮಗ್ಗಿನ ಮೇಲೆ ದರ್ಜಿ ಅಜ್ಜಿ ಇದ್ದಳು. ಆದರೆ ಅಜ್ಜಿಗೆ ಈಗ ಇಪ್ಪತ್ತೈದು ವರ್ಷ, ಮೈಗೆ ಅಂಟಿದ ಚರ್ಮದ ಉಡುಪು, ಕಣ್ಣಿಗೆ ಕನ್ನಡಕದ ಬದಲು ಕಾಡಿಗೆ. ಸೂಜಿ ಮಾತ್ರ ಹಾಗೇ ಇತ್ತು, ನಾಲ್ಕಡಿ ಉದ್ದವಾಗಿ. ಆಂಟಿ ಹಳೆಯ ಕರಾರು ಹುಡುಕಿ ತೆಗೆದರು. ಬರೆದದ್ದೆಲ್ಲ ಕಂಪನಿಗೆ ಸೇರಿದ್ದು, ಎಂದೆಂದಿಗೂ, ಭೂಮಿಯ ಮೇಲೆ ಮತ್ತು ಹೊರಗೆ ಎಂದಿತ್ತು. ಚಂದ್ರನಿಗೆ ಹೋಗಿ ಕೇಸು ಹಾಕುವ ದಾರಿಯನ್ನೂ ಕಂಪನಿಯವರು ಮುಚ್ಚಿದ್ದರು.

ಇನ್ನೆರಡು ಟಿಕೆಟ್ ಕೊಂಡು ಬೆಲ್‌ವ್ಯೂನ ಚಿತ್ರಮಂದಿರಕ್ಕೆ ನಾವು ನಾಲ್ವರೂ ಹೋದೆವು. ಸಿನಿಮಾ ಮುಗಿದು ಹೆಸರುಗಳು ಮೇಲೇರತೊಡಗಿದವು. ಊಟ ಒದಗಿಸಿದವರು, ನಾಯಿಗಳನ್ನು ನೋಡಿಕೊಂಡವರು, ಸಿನಿಮಾ ತಯಾರಾಗುವಾಗ ಹುಟ್ಟಿದ ಶಿಶುಗಳು. ಕಸ ಗುಡಿಸುವವರು ಬಂದು ನಿಂತರು. ಕೊನೆಗೆ "ವಿಶೇಷ ಕೃತಜ್ಞತೆ" ಎಂಬಲ್ಲಿ ಒಂದು ಹೆಸರು: ಎಲ್ರಾಯ್ ಸಾಂಚೆಜ್.

"ಯಾರಂವ?" ಎಂದರು ಆಂಟಿ.

"ನಾನೇ," ಎಂದರು ಅಂಕಲ್. ಮುಖದಲ್ಲಿ ನಗು ಇತ್ತು. ಕಾರಿನಲ್ಲಿ ಸೀಟ್‌ಬೆಲ್ಟ್ ಹಾಕಿಕೊಳ್ಳುವಾಗ ಮೆಲ್ಲಗೆ, "ನಮ್ಮ ಸೋದರತ್ತಿ ಮುಖ ತಗದ್ಬಿಟ್ಟಾರ" ಎಂದರು. ನಾನು ಹನ್ನೆರಡು ವರ್ಷದಲ್ಲಿ ಅವರ ಬಾಯಿಂದ ಕೇಳಿದ ದೂರು ಅದೊಂದೇ.

ಮರುವಾರದಿಂದ ಅವರು ತಮ್ಮದೇ ಪುಸ್ತಕ ಶುರುಮಾಡಿದರು. ಕೆಲವು ವರ್ಷಗಳ ಹಿಂದೆ ಆಂಟಿಯ ತಾಯಿಯ ಕಾಲು ಮುರಿದಾಗ ಇಬ್ಬರೂ ಐದು ತಿಂಗಳು ಬ್ಯಾಡಗಿಯಲ್ಲಿದ್ದರು. ಅತ್ತೆಯ ಆರೈಕೆಗೆ ಮಗಳಿದ್ದರು, ಅಳಿಯನಿಗೆ ಕೆಲಸವಿರಲಿಲ್ಲ; ದಿನವೂ ಮೆಣಸಿನಕಾಯಿ ಮಾರುಕಟ್ಟೆಗೆ ಹೋಗಿ, ಕೆಂಪು ರಾಶಿಗಳ ನಡುವೆ ಕೂತು ತೊಟ್ಟು ಬಿಡಿಸುವ ಹೆಂಗಸರನ್ನು ಬರೆದುಕೊಂಡಿದ್ದರು. ಆ ಹೆಂಗಸರದೇ ಕಥೆ, ಅವರದೇ ಕನ್ನಡದಲ್ಲಿ. ಮಾತುಗಳನ್ನು ಆಂಟಿ ತಿದ್ದಿದರು. ಎರಡು ವರ್ಷ, ನೂರಾಹನ್ನೆರಡು ಪುಟ.

ಪ್ರಕಾಶಕರು ಒಬ್ಬರಿಗಿಂತ ಒಬ್ಬರು ಉದಾರಿಗಳು. ಅಮೆರಿಕದವರು, ಬಹಳ ಚೆನ್ನಾಗಿದೆ, ಇವರಲ್ಲಿ ಒಬ್ಬಳು ಹಾರಬಹುದೇ ಎಂದು ಕೇಳಿದರು. ಸ್ಪೇನಿನವರಿಗೆ ಇದರಲ್ಲಿ ಸ್ಪೇನ್ ಕಡಿಮೆ ಅನ್ನಿಸಿತು. ಬೆಂಗಳೂರಿನವರೊಬ್ಬರು, ಚಿತ್ರಕಥೆ ಎಂದರೆ ಮಕ್ಕಳಿಗೆ, ಕೊನೆಯಲ್ಲಿ ನೀತಿ ಎಲ್ಲಿದೆ ಎಂದು ಬರೆದರು. ಅಂಕಲ್ ಸ್ವಂತಕ್ಕೇ ಮುನ್ನೂರು ಪ್ರತಿ ಅಚ್ಚು ಹಾಕಿಸಿದರು.

ಬಿಡುಗಡೆ ನಮ್ಮ ಕೂಟದ ದೀಪಾವಳಿಯಂದು, ವುಡಿನ್‌ವಿಲ್‌ನ ಶಾಲೆಯೊಂದರ ಸಭಾಂಗಣದಲ್ಲಿ. ಕೋಲಾಟಕ್ಕೂ ಊಟಕ್ಕೂ ನಡುವೆ ನಾಲ್ಕು ನಿಮಿಷ ಸಿಕ್ಕಿತ್ತು. ಅಂಕಲ್ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಬರೆದುಕೊಂಡು ಬಂದ ಕಾಗದ ತೆಗೆದು, "ಎಲ್ಲಾ ಹಿರಿಯರಿಗೂ ನನ್ನ ನಮಸ್ಕಾರಗಳು" ಎನ್ನುವಷ್ಟರಲ್ಲಿ ಸುಮುಖ್ ಮೈಕ್ ತೆಗೆದುಕೊಂಡು, "ಬಿಸಿಬೇಳೆಬಾತ್ ರೆಡಿ ಇದೆ, ಆರೋಕ್ ಮುಂಚೆ ಬನ್ನಿ" ಎಂದರು. ಸಭೆ ಒಂದೇ ಮನಸ್ಸಿನಿಂದ ಎದ್ದಿತು. ಊಟವಾದ ಮೇಲೆ ಮಕ್ಕಳು ಬಂದು ಪುಸ್ತಕ ತಿರುವಿ, "ಓ ಮೈ ಗಾಡ್, ಸೋ ಕೂಲ್" ಎಂದರು. ಒಂದಕ್ಷರವೂ ಓದಲು ಬಾರದಿದ್ದದ್ದು ಅವರ ಮೆಚ್ಚುಗೆಗೆ ಅಡ್ಡಿಯಾಗಲಿಲ್ಲ. ದೊಡ್ಡವರು ಅಂಕಲ್ ಜೊತೆ ಫೋಟೋ ತೆಗೆಸಿಕೊಂಡರು. ಒಂಬತ್ತು ಪ್ರತಿ ಹೋದವು. ಎರಡು ನಾನೇ ತೆಗೆದುಕೊಂಡದ್ದು.

ನಾವು ಉಳಿದ ಪುಸ್ತಕಗಳ ಡಬ್ಬಗಳನ್ನು ಕಾರಿಗೆ ತುಂಬುತ್ತಿದ್ದಾಗ ಹಿಂದಿನಿಂದ ಯಾರೋ ಕೂಗಿದರು. "ಏ ಸ್ಪೇನ್ ಸಾಹೇಬ್ರ, ನಿಂದರ್ರಿ!"

ಎಂಬತ್ತರ ಹತ್ತಿರದ ಒಬ್ಬರು, ಧೋತರದ ಮೇಲೆ ಮಗಳ ಚಳಿಯಂಗಿ ಹಾಕಿಕೊಂಡು, ಪುಸ್ತಕ ಎತ್ತಿ ಹಿಡಿದು ಬರುತ್ತಿದ್ದರು. ಹೆಸರು ಈರಬಸಪ್ಪ. ಬ್ಯಾಡಗಿ ಮಾರುಕಟ್ಟೆಯಲ್ಲಿ ನಲವತ್ತು ವರ್ಷ ತೂಕ ಮಾಡಿದವರು, ಮಗಳು ನವ್ಯಾಳ ಮನೆಗೆ ಬಂದು ತಿಂಗಳಾಗಿತ್ತಂತೆ. ಎಲ್ಲರೂ ಊಟ ಮಾಡುವಾಗ ಮೂಲೆಯಲ್ಲಿ ಕೂತು ಪುಸ್ತಕ ಪೂರ್ತಿ ಓದಿದ್ದರು.

"ಇದು ಯಾರು ಬರದದ್ರಿ?"

"ನಾನ್ರೀ," ಎಂದರು ಅಂಕಲ್, ಹೊಗಳಿಕೆ ಸ್ವೀಕರಿಸುವ ಮುಖ ಮಾಡಿಕೊಂಡು.

ಈರಬಸಪ್ಪ ಮೂವತ್ತೊಂದನೇ ಪುಟ ತೆರೆದು ಬೆರಳಿಟ್ಟರು. "ಈಕಿ ಸೆರಗು ಹಿಂದಕ್ಕ ಹಾರಾಕತ್ತೈತಿ. ಅಂದ್ರ ಗಾಳಿ ಮಾರಿಗೆ ಬರಾಕತ್ತೈತಿ. ಗಾಳಿಗೆ ಎದುರು ಕುಂತು ಯಾರರ ಮೆಣಸಿನಕಾಯಿ ಬಿಡಸ್ತಾರೇನ್ರಿ? ಕಣ್ಣು ಉಳೀತಾವ? ಗಾಳಿಗೆ ಬೆನ್ನು ಕೊಟ್ಟು ಕುಂದರ್ತಾರ್ರಿ. ಬರೇ ಚಂದ ಕಾಣ್ಲಿ ಅಂತ ಸೆರಗು ಹಾರಿಸೀರಿ ನೀವು!"

ಸುತ್ತ ನಿಂತವರು ಗಾಬರಿಯಾದರು. "ಅಪ್ಪಾ, ಸುಮ್ನಿರು" ಎಂದು ನವ್ಯಾ ತೋಳು ಎಳೆದಳು. ಅಂಕಲ್ ಪುಟವನ್ನೇ ನೋಡುತ್ತ ನಿಂತರು. ಕಣ್ಣು ತುಂಬಿದ್ದು ನನಗೆ ಸ್ಪಷ್ಟವಾಗಿ ಕಂಡಿತು. ನಲವತ್ತೇಳು ವರ್ಷದ ವೃತ್ತಿಯಲ್ಲಿ ಸ್ನಾಯು ಸಾಲದು ಎಂದವರಿದ್ದರು, ಬೆರಳು ಹೆಚ್ಚಾಗಿವೆ ಎಂದವರಿದ್ದರು. ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಎಂದು ನೋಡಿದವರು ಇವರೊಬ್ಬರೇ.

"ಖರೇ ಹೇಳಿದ್ರಿ," ಎಂದರು ಅಂಕಲ್. "ತಿದ್ದತೇನ್ರಿ. ನಾಳೆ ಮನೀಗೆ ಬರ್ತೀರೇನು?"

ಸೋಮವಾರ ಹೊಸ ಮೂವತ್ತೊಂದನೇ ಪುಟ ಬರೆದಾಯಿತು, ಶುಕ್ರವಾರಕ್ಕೆ ಅಚ್ಚಾಗಿ ಬಂತು. ಶನಿವಾರ ಅವರ ಊಟದ ಮೇಜಿನ ಸುತ್ತ ಕೂತು ಉಳಿದ ಇನ್ನೂರಾ ತೊಂಬತ್ತೊಂದು ಪ್ರತಿಗಳಲ್ಲಿ ಹಳೆಯ ಪುಟದ ಮೇಲೆ ಹೊಸದನ್ನು ಅಂಟಿಸಿದೆವು. ಆಂಟಿ ಗೋಂದು ಹಚ್ಚಿದರು, ನಾನು ಅಂಟಿಸಿದೆ, ಅಂಕಲ್ ಅಂಗೈಯಿಂದ ಒತ್ತಿದರು. ಈರಬಸಪ್ಪನವರು ಕೆಲಸ ಮಾಡಲಿಲ್ಲ. ಕನ್ನಡಕ ಏರಿಸಿಕೊಂಡು ಪುಸ್ತಕವನ್ನು ಮತ್ತೆ ಮೊದಲಿನಿಂದ ಓದುತ್ತ ಕೂತಿದ್ದರು. ಸುಮಾರು ನೂರನೇ ಪ್ರತಿಗೆ ಬಂದಾಗ ತಲೆಯೆತ್ತಿದರು.

"ಸಾಹೇಬ್ರ, ಈ ನಲವತ್ತನಾಕನೇ ಪುಟದಾಗಿನ ತಕ್ಕಡಿ..."

ಆಂಟಿ ಗೋಂದಿನ ಡಬ್ಬಿ ಮುಚ್ಚಿದರು. ಅಂಕಲ್ ಆಗಲೇ ಪೆನ್ಸಿಲ್ ಹುಡುಕುತ್ತಿದ್ದರು.