ಚೆಂಡು ಇಲ್ಲದ ಕ್ಯಾಸೆಟ್

ಅವನು ಮೊದಲ ಸಲ ಅಂಗಡಿಗೆ ಬಂದದ್ದು ನನ್ನ ನೆನಪಿನಲ್ಲಿ ಎರಡು ರೀತಿ ಇದೆ. ಒಂದರಲ್ಲಿ ಗಾಜಿನ ಬಾಗಿಲು ತಳ್ಳಿಕೊಂಡು ಒಬ್ಬನೇ ಬರುತ್ತಾನೆ, ಚೌಕಟ್ಟಿಗೆ ತಲೆ ತಾಗೀತೆಂದು ಕತ್ತು ತಗ್ಗಿಸುತ್ತಾನೆ. ಇನ್ನೊಂದರಲ್ಲಿ ಅವನ ಫುಟ್ಬಾಲ್ ಕ್ಲಬ್ಬಿನ ಡ್ರೈವರ್ ಅವನನ್ನು ಕರೆತಂದು ಬಿಟ್ಟು ಹೋಗುತ್ತಾನೆ. ಎರಡೂ ನಿಜವಾಗಿರಲಾರವು. ಅವನು ಅಷ್ಟೇನೂ ಎತ್ತರದವನಾಗಿರಲಿಲ್ಲ ಎಂದು ಗೊತ್ತಿರುವುದರಿಂದ ಮೊದಲನೆಯದನ್ನು ನಾನು ನಂಬುವುದಿಲ್ಲ. ಕಣ್ಣಿಗೆ ಬರುವುದು ಮಾತ್ರ ಅದೇ.

ಖಚಿತವಾಗಿ ಹೇಳಬಹುದಾದದ್ದು ಇಷ್ಟು. ತೊಂಬತ್ತರ ದಶಕದ ಒಂದು ಚಳಿಗಾಲ. ದೋಹಾದ ಮುಶೈರಿಬ್‌ನಲ್ಲಿ ಹೊಲಿಗೆಯಂಗಡಿಗೂ ವಾಚ್ ರಿಪೇರಿಯವನಿಗೂ ನಡುವೆ ಒಂದು ಫೋಟೊ ಸ್ಟುಡಿಯೊ. ಅದರ ಯಜಮಾನರು ಉಳ್ಳಾಲದ ಕಡೆಯ ಬ್ಯಾರಿ, ಆ ಬೀದಿಯಲ್ಲಿ ಎಲ್ಲರಿಗೂ ಅವರು ಕಾಕ. ನಾನು ಅವರ ವಿಡಿಯೊ ಕ್ಯಾಮೆರಾದವನು. ದೋಹಾದಲ್ಲಿ ನಮ್ಮ ಕರಾವಳಿಯವರ ಮದುವೆ, ಹುಟ್ಟುಹಬ್ಬ, ಸಂಘದ ವಾರ್ಷಿಕೋತ್ಸವ, ಮೆಸಯೀದ್‌ನ ಕಂಪನಿ ಕ್ವಾರ್ಟರ್ಸ್‌ನಲ್ಲಿ ನಾಮಕರಣ, ಎಲ್ಲಕ್ಕೂ ನಾನೇ. ನಮ್ಮವರ ಮದುವೆ ಕ್ಯಾಸೆಟ್ಟಿಗೆ ಒಂದು ಕಟ್ಟಳೆ ಇತ್ತು: ಬಂದವರೆಲ್ಲರ ಮುಖ ಬರಬೇಕು. ಸುಡುವ ಲೈಟು ಹಿಡಿದು ಊಟದ ಸಾಲಿನ ಮುಂದೆ ಈ ಕೊನೆಯಿಂದ ಆ ಕೊನೆಗೆ ನಡೆಯಬೇಕು. ಬಾಯಲ್ಲಿ ತುತ್ತಿದ್ದವನೂ ತಲೆಯಾಡಿಸಬೇಕು. ಮದುಮಗನನ್ನಂತೂ ಒಂದು ಕ್ಷಣವೂ ಬಿಡುವಂತಿಲ್ಲ. ಅವನು ಮೂಗು ಒರೆಸಿಕೊಂಡರೂ ಅದು ಊರಿಗೆ ಹೋಗಬೇಕು.

ಫುಟ್ಬಾಲ್ ಇದಕ್ಕೆ ತೀರಾ ವಿರುದ್ಧ. ಒಂದು ಕ್ಲಬ್ಬಿನವರು ತಮ್ಮ ಪಂದ್ಯಗಳನ್ನು ಕೋಚ್ ನೋಡುವುದಕ್ಕೆಂದು ನಮ್ಮಿಂದ ತೆಗೆಸುತ್ತಿದ್ದರು. ಗ್ಯಾಲರಿಯ ಮೇಲ್ತುದಿಯಲ್ಲಿ ಮೂರು ಕಾಲಿನ ಸ್ಟ್ಯಾಂಡು ಊರಿ ನಿಲ್ಲುತ್ತಿದ್ದೆ. ನನಗಿದ್ದ ಆಜ್ಞೆ ಒಂದೇ, ಚೆಂಡನ್ನು ಬಿಡಬೇಡ. ಆ ಕ್ಲಬ್ಬಿನ ರಕ್ಷಣಾ ಸಾಲಿನ ನಡುವೆ ಆಡುತ್ತಿದ್ದವನು ಈ ಇಟಲಿಯವನು. ತಾನು ಚೆನ್ನಾಗಿ ಆಡಿದ ಒಂದು ಪಂದ್ಯದ ಕಾಪಿ ಬೇಕು ಎಂದು ಕೇಳಿಕೊಂಡು ಬಂದಿದ್ದ.

ಆಗ ಕಾಪಿ ಮಾಡುವುದೆಂದರೆ ಎರಡು ವಿಸಿಆರ್‌ಗಳನ್ನು ವೈರಿನಲ್ಲಿ ಜೋಡಿಸಿ, ಪಂದ್ಯ ಎಷ್ಟು ಹೊತ್ತು ನಡೆದಿತ್ತೋ ಅಷ್ಟು ಹೊತ್ತೂ ಕಾಯುವುದು. ಅವನು ಹೋಗಲಿಲ್ಲ. ಸ್ಟೂಲಿನ ಮೇಲೆ ಕುಳಿತು ಟಿವಿ ನೋಡತೊಡಗಿದ. ಸ್ವಲ್ಪ ಹೊತ್ತಿನ ಮೇಲೆ ಕೇಳಿದ:

"ಸದೀಕ್, ನಾನೆಲ್ಲಿ?"

ಗಲ್ಫಿಗೆ ಬಂದವರೆಲ್ಲ ಮೊದಲು ಕಲಿಯುವ ಅರಬ್ಬಿ ಮಾತು ಅದು, ಗೆಳೆಯ ಎಂದು. ಉಳಿದದ್ದೆಲ್ಲ ಅರೆಬರೆ ಇಂಗ್ಲಿಷ್. ಇಲ್ಲಿ ಅವನ ಬಾಯಲ್ಲಿ ನೆಟ್ಟಗೆ ನಿಂತಿರುವ ಕನ್ನಡ ವಾಕ್ಯಗಳು ನನ್ನವು ಎಂಬುದನ್ನು ಓದುವವರು ಮರೆಯಬಾರದು.

"ಇದ್ದೀರಲ್ಲ, ಕಾಣ್ತೀರಿ," ಎಂದೆ.

ಕಾಣಲಿಲ್ಲ. ಎದುರಾಳಿ ಕಾರ್ನರ್ ಹೊಡೆದಾಗ ಗುಂಪಿನಲ್ಲಿ ಒಂದು ತಲೆ, ಗೋಲ್‌ಕೀಪರನಿಂದ ಚೆಂಡು ಪಡೆದು ಪಕ್ಕದವನಿಗೆ ತಳ್ಳುವ ಒಂದು ಕಾಲು, ಅಷ್ಟೇ. ಚೆಂಡು ಎಲ್ಲಿತ್ತೋ ಅಲ್ಲಿ ಅವನಿರಲಿಲ್ಲ. ನಾನು ಸಮಾಧಾನಕ್ಕೆಂದು, ಆ ದಿನ ಚೆಂಡು ನಿಮ್ಮ ಕಡೆ ಹೆಚ್ಚು ಬರಲಿಲ್ಲ ಎಂದೆ. ಅವನು ನನ್ನ ಮುಖವನ್ನೇ ನೋಡಿದ.

"ಬರಲಿಲ್ಲ, ಹೌದು. ಯಾಕೆ ಬರಲಿಲ್ಲ ಅನ್ನೋದೇ ನನ್ನ ಕೆಲಸ."

ಕ್ಯಾಸೆಟ್ ತಿರುಗುತ್ತಿದ್ದ ಆ ಸಂಜೆ, ಮತ್ತು ಆಮೇಲಿನ ಕೆಲವು ಸಂಜೆಗಳಲ್ಲಿ, ಅವನ ವೃತ್ತಿಯ ಕತೆಯನ್ನು ನಾನು ಕೇಳಿದ್ದು. ಅವನು ಹೇಳಿದ ಕ್ರಮ ಇದಲ್ಲ. ಅವನು ಮಂಡಿಯ ಆಪರೇಷನ್ನಿನಿಂದ ಶುರುಮಾಡಿ ಹಿಂದಕ್ಕೂ ಮುಂದಕ್ಕೂ ಹೋಗುತ್ತಿದ್ದ. ಕುರ್ಚಿ ಮಾಡುವ ಕಾರ್ಖಾನೆಗಳಿದ್ದ ಉತ್ತರ ಇಟಲಿಯ ಒಂದು ಪಟ್ಟಣ ಅವನ ಊರು. ಹುಡುಗನಾಗಿದ್ದಾಗ ಮುಂದೆ ಆಡುತ್ತಿದ್ದನಂತೆ. ಒಂದು ದಿನ ಹಿಂದೆ ನಿಲ್ಲುವವನು ಬರಲಿಲ್ಲ. ಯಾರಿಗೆ ಹೇಳಿದರೆ ಜಗಳ ಮಾಡುವುದಿಲ್ಲವೋ ಅವನನ್ನು ಹಿಂದಕ್ಕೆ ಕಳುಹಿಸಿದರು. "ಜಗಳ ಮಾಡದೆ ಇದ್ದದ್ದಕ್ಕೆ ಡಿಫೆಂಡರ್ ಆದೆ," ಎಂದು ನಗುತ್ತಿದ್ದ. ಆಮೇಲೆ ಎರಡನೇ ದರ್ಜೆಯ ಕ್ಲಬ್ಬುಗಳು, ಬಸ್ಸಿನಲ್ಲಿ ದಕ್ಷಿಣದ ತುದಿಯವರೆಗೆ ಪ್ರಯಾಣ, ಪ್ರತಿ ಊರಿನಲ್ಲೂ ಬಾಡಿಗೆ ಮನೆ, ಹೆಂಡತಿಗೆ ಹುಡುಕಿಕೊಳ್ಳಲು ಹೊಸ ತರಕಾರಿ ಅಂಗಡಿ. ಮೊದಲ ದರ್ಜೆಯಲ್ಲಿ ಒಂದೇ ಒಂದು ವರ್ಷ, ಅದರಲ್ಲೂ ಹೆಚ್ಚು ದಿನ ಬೆಂಚಿನ ಮೇಲೆ. ಒಂದು ಪಂದ್ಯದಲ್ಲಿ ಮಾತ್ರ, ದೊಡ್ಡ ಹೆಸರಿನ ಒಬ್ಬ ವಿದೇಶಿ ಫಾರ್ವರ್ಡನನ್ನು ಕಾಯುವ ಕೆಲಸ ಅವನಿಗೆ ಬಂತು. ಆ ದಿನವಿಡೀ ಆ ಮಹಾಶಯನಿಂದ ಗೋಲಿನ ಕಡೆ ನೆಟ್ಟಗೆ ತಿರುಗುವುದಕ್ಕಾಗಲಿಲ್ಲ. ಮಾರನೆಯ ದಿನ ಪೇಪರಿನಲ್ಲಿ ಬರೆದಿದ್ದರಂತೆ, ಮಹಾಶಯರು ನಿನ್ನೆ ಲಯದಲ್ಲಿರಲಿಲ್ಲ ಎಂದು.

ಇದನ್ನು ಕೇಳಿ ಕಾಕ ಬಿದ್ದು ಬಿದ್ದು ನಕ್ಕರು. ಅವನೂ ನಕ್ಕ. ನಾನು ನಕ್ಕೆನೋ ಇಲ್ಲವೋ.

ಅವನಿಗೆ ಕ್ಯಾಸೆಟ್ ಬೇಕಾಗಿದ್ದ ಕಾರಣ ಸರಳ. ಇಲ್ಲಿಯ ಕ್ಲಬ್ ಮುಂದಿನ ವರ್ಷಕ್ಕೆ ಅವನನ್ನು ಇಟ್ಟುಕೊಳ್ಳುವುದಿಲ್ಲ. ವಿದೇಶಿಯರಿಗೆ ಇರುವ ಕೆಲವೇ ಜಾಗಗಳಲ್ಲಿ ಅವರಿಗೆ ಗೋಲು ಹೊಡೆಯುವವನು ಬೇಕು. ಅವನ ಹುಟ್ಟೂರಿನಲ್ಲಿ ಒಂದು ಸಣ್ಣ ಕ್ಲಬ್ ಇದೆ. ಹೆಂಡತಿ ಮತ್ತು ಮಗಳು ಈಗ ಇರುವುದು ಅಲ್ಲೇ. ಮಗಳಿಗೆ ಅಪ್ಪ ಆಡುವುದನ್ನು ಗ್ಯಾಲರಿಯಲ್ಲಿ ಕುಳಿತು ನೋಡಿ ಅರ್ಥವಾಗುವ ವಯಸ್ಸು ಈಗಷ್ಟೇ ಬಂದಿದೆ. ಅಲ್ಲಿ ಒಂದು ವರ್ಷ ಆಡಿ ಮುಗಿಸಬೇಕು. ಅಷ್ಟೇ ಅವನ ಆಸೆ. ಆದರೆ ಮಂಡಿ ಕೊಯ್ಸಿಕೊಂಡ, ಮರಳುಗಾಡಿಗೆ ಹೋಗಿ ಕುಳಿತ ಮುದುಕನನ್ನು ನೋಡದೆ ಯಾರು ಸೇರಿಸಿಕೊಳ್ಳುತ್ತಾರೆ? ಆ ಕ್ಲಬ್ಬಿನ ಕೋಚ್ ಕ್ಯಾಸೆಟ್ ಕಳುಹಿಸು ಎಂದಿದ್ದ. ಆ ಕೋಚ್ ಹಿಂದೆ ಇವನ ಜೊತೆಯಲ್ಲೇ ರಕ್ಷಣೆಯಲ್ಲಿ ಆಡಿದವನು.

"ನೀನು ಒಂದು ಪಂದ್ಯ ನನ್ನನ್ನು ಮಾತ್ರ ತೆಗೆ," ಎಂದ ಇಟಲಿಯವನು. "ಚೆಂಡು ಎಲ್ಲಾದರೂ ಹೋಗಲಿ."

ನಾನು ಕಾಕರ ಕಡೆ ತಿರುಗಿ ವಿಷಯ ಹೇಳಿದೆ. ಕ್ಲಬ್ಬಿಗೆ ಚೆಂಡಿನ ಕ್ಯಾಸೆಟ್ ಕೊಡಲೇಬೇಕು, ಹಾಗಾಗಿ ಎರಡು ಕ್ಯಾಮೆರಾ ಬೇಕು.

"ಹಳೇದು ಉಂಟಲ್ಲ, ಅದರಲ್ಲಿ ಚೆಂಡು ನಾನು ತೆಗೀತೇನೆ," ಎಂದರು ಕಾಕ. "ಎಂಥ ದೊಡ್ಡ ವಿಷಯ? ನೀನು ಇವನನ್ನು ಮದುಮಗನ ಹಾಗೆ ತೆಗೆ."

"ಕಾಕ, ನಿಮಗೆ ಫುಟ್ಬಾಲ್ ಗೊತ್ತುಂಟಾ?"

"ಚೆಂಡು ಉರುಂಟು ಇರ್ತದೆ ಅಂತ ಗೊತ್ತುಂಟು."

ಪಂದ್ಯ ಮಧ್ಯಾಹ್ನದ ನಂತರ. ಬಿಸಿಲು ಓರೆಯಾಗಿ ಬೀಳುತ್ತಿತ್ತು. ಕಾಕ ನನ್ನಿಂದ ಸ್ವಲ್ಪ ದೂರದಲ್ಲಿ ನಿಂತು ಚೆಂಡಿನ ಹಿಂದೆ ಕ್ಯಾಮೆರಾ ಆಡಿಸುತ್ತಿದ್ದರು. (ಅವರ ಕ್ಯಾಸೆಟ್ಟಿನಲ್ಲಿ ಆ ದಿನದ ಏಕೈಕ ಗೋಲು ಇಲ್ಲ. ಆ ಹೊತ್ತಿಗೆ ಎದುರು ಗ್ಯಾಲರಿಯಲ್ಲಿ ಮಂಜೇಶ್ವರದ ಒಬ್ಬ ಪರಿಚಯದವನು ಕಂಡನೆಂದು ಅವನ ಮುಖ ತೆಗೆದಿದ್ದರು. ಕ್ಲಬ್ಬಿನವರಿಗೆ ಏನು ಹೇಳಿದರೋ ನನಗೆ ಗೊತ್ತಿಲ್ಲ.) ನಾನು ಒಬ್ಬನೇ ಒಬ್ಬ ಮನುಷ್ಯನಿಗೆ ಕಣ್ಣು ಕೀಲಿಸಿದ್ದೆ. ನನ್ನ ಕ್ಯಾಮೆರಾದ ಕಿಂಡಿಯಲ್ಲಿ ಅವನು ಹೆಬ್ಬೆರಳಿನಷ್ಟು, ಕಪ್ಪು ಬಿಳುಪು. ಜನ ಕೂಗಿದಾಗ ಏನಾಯಿತೆಂದು ನನಗೆ ತಿಳಿಯುತ್ತಿರಲಿಲ್ಲ. ಪಂದ್ಯದ ಒಳಗಿದ್ದೂ ಪಂದ್ಯ ನೋಡದೆ ಇದ್ದೆ.

ಮರುದಿನ ಅಂಗಡಿಯಲ್ಲಿ ದೊಡ್ಡ ಟಿವಿಗೆ ಹಾಕಿದೆವು. ಅವನಿನ್ನೂ ಬಂದಿರಲಿಲ್ಲ. ನಾನು ಮತ್ತು ಕಾಕ ಇಬ್ಬರೇ.

"ಎಂಥ ಮಾರಾಯ ಇದು? ಚೆಂಡೇ ಇಲ್ಲ. ಹುಚ್ಚನ ಹಾಗೆ ಒಬ್ಬನೇ ಕೈ ತೋರಿಸ್ತಾನೆ."

ಹೌದು, ಹಾಗೇ ಇತ್ತು. ಹಸಿರಿನ ಮೇಲೆ ಒಬ್ಬ ಮನುಷ್ಯ ನಡೆಯುತ್ತಾನೆ, ನಿಲ್ಲುತ್ತಾನೆ, ಕತ್ತು ತಿರುಗಿಸಿ ಬೆನ್ನ ಹಿಂದೆ ನೋಡುತ್ತಾನೆ. ಯಾರಿಗೋ ಎಡಕ್ಕೆ ಎನ್ನುತ್ತಾನೆ, ಯಾರಿಗೋ ಬೇಡ ಎನ್ನುತ್ತಾನೆ. ಎದುರಾಳಿಯ ಫಾರ್ವರ್ಡ್ ಪಕ್ಕದಲ್ಲಿ ಬಂದು ನಿಂತರೆ ಅವನ ಸೊಂಟದ ಹಿಂದೆ ಎರಡು ಬೆರಳು ಇಡುತ್ತಾನೆ. ಹಿಡಿಯುವುದಿಲ್ಲ, ತಳ್ಳುವುದಿಲ್ಲ, ಕತ್ತಲಲ್ಲಿ ಗೋಡೆ ಎಲ್ಲಿದೆ ಎಂದು ಮುಟ್ಟಿ ನೋಡುವ ಹಾಗೆ. ಆ ಬೆರಳುಗಳು ತಿಳಿಸಿದ ಕೂಡಲೇ ಎರಡು ಹೆಜ್ಜೆ ಹಿಂದೆ. ಆಗ ಚೆಂಡು ಚಿತ್ರದ ಒಳಗೆ ಬರುತ್ತದೆ, ಅವನು ಮೊದಲೇ ನಿಂತಿದ್ದ ಜಾಗಕ್ಕೇ. ಮೊದಲರ್ಧ ಮುಗಿಯುವವರೆಗೆ ಕಾಕ ತಮ್ಮ ಚಾ ಮುಟ್ಟಲಿಲ್ಲ.

ದ್ವಿತೀಯಾರ್ಧ ಶುರುವಾಗಿ ಸ್ವಲ್ಪ ಹೊತ್ತಾಗಿತ್ತು.

"ಇವ ಕುಂಟ್ತಾನಲ್ಲ," ಎಂದರು ಕಾಕ, ಮೆಲ್ಲಗೆ.

ಎಡಕ್ಕೆ ತಿರುಗಬೇಕಾದಾಗ ಒಂದು ಹೆಜ್ಜೆಯ ಬದಲು ಮೂರು ಪುಟ್ಟ ಹೆಜ್ಜೆ ಹಾಕುತ್ತಿದ್ದ. ಚೆಂಡು ದೂರ ಹೋದ ಕೂಡಲೇ ಬಾಗಿ ಮಂಡಿಯ ಮೇಲೆ ಅಂಗೈ ಊರುತ್ತಿದ್ದ. ಮೈದಾನದಲ್ಲಿದ್ದ ಸಾವಿರ ಜನ ಚೆಂಡನ್ನು ನೋಡುತ್ತಿದ್ದರು, ಅವನ ಕೋಚ್ ಕೂಡ. ಇಡೀ ದೋಹಾದಲ್ಲಿ ಅವನ ಕಾಲನ್ನು ನೋಡುತ್ತಿದ್ದದ್ದು ನನ್ನ ಕ್ಯಾಮೆರಾ ಒಂದೇ, ಮತ್ತು ಅದನ್ನು ಹಿಡಿದಿದ್ದ ನನಗೂ ಆಗ ಅದು ಕಂಡಿರಲಿಲ್ಲ. ಈಗಲೂ ಆ ದಿನದ ಬಿಸಿಲು, ಆ ಹುಲ್ಲು ನೆನೆದರೆ ಅವನು ಕುಂಟುತ್ತಾ ಕಾಣುತ್ತಾನೆ. ಅದು ನಾನು ಅಂದು ಕಂಡದ್ದಲ್ಲ, ಮರುದಿನ ಟಿವಿಯಲ್ಲಿ ಕಂಡದ್ದು. ಆದರೂ ಅವನ ಹಿಂದೆ ಟಿವಿಯ ಚೌಕಟ್ಟು ಇರುವುದಿಲ್ಲ, ನಿಜವಾದ ಗ್ಯಾಲರಿ ಇರುತ್ತದೆ. ನೆನಪು ಹೀಗೆ ಎರಡು ಯಂತ್ರ ಜೋಡಿಸಿಕೊಂಡು ತನಗೆ ಬೇಕಾದಂತೆ ಕಾಪಿ ಮಾಡುತ್ತದೆ, ಕೇಳುವವರಿಲ್ಲ.

ಸಂಜೆ ಅವನು ಬಂದ. ಸ್ಟೂಲಿನ ಮೇಲೆ ಕುಳಿತು ಪೂರ್ತಿ ನೋಡಿದ. ನಾನು ನೋಡಿದ್ದು ಅವನ ಮುಖವನ್ನು. ಮೊದಲರ್ಧದಲ್ಲಿ ಒಂದೆರಡು ಕಡೆ ತಲೆಯಾಡಿಸಿದ. ಎರಡನೆಯದರಲ್ಲಿ ಅವನ ಬಲಗಾಲು ತಾನಾಗಿಯೇ ಸ್ಟೂಲಿನ ಕೆಳಗೆ ಸರಿಯಿತು.

ಮುಗಿದ ಮೇಲೆ ನಾನೇ ಮಾತೆತ್ತಿದೆ. ಕತ್ತರಿಸುವುದು ನನ್ನ ಕೆಲಸವೇ. ಮದುವೆಗಳಲ್ಲಿ ಜಗಳ, ಅಳು, ಕುಡಿದು ಬಂದ ಮಾವ, ಎಲ್ಲವನ್ನೂ ಕತ್ತರಿಸಿ ಊರಿಗೆ ಕಳುಹಿಸುತ್ತಿದ್ದವನು ನಾನು. ಒಳ್ಳೊಳ್ಳೆಯ ತುಣುಕು ಆರಿಸಿ ಅರ್ಧ ಗಂಟೆಯ ಕ್ಯಾಸೆಟ್ ಮಾಡಿಕೊಡುತ್ತೇನೆ, ಯಾರಿಗೂ ತಿಳಿಯುವುದಿಲ್ಲ ಎಂದೆ.

"ಬೇರೆ ಯಾರಾದರೂ ಆಗಿದ್ದರೆ ಹಾಗೇ ಮಾಡು ಅಂತಿದ್ದೆ," ಎಂದ. "ರೆಫರಿಗೆ ಕಾಣದ ಹಾಗೆ ಅಂಗಿ ಎಳೆಯುವುದರಲ್ಲಿ ನನ್ನ ಆಯುಷ್ಯ ಹೋಗಿದೆ, ನನಗೇನು ನಾಚಿಕೆ? ಆದರೆ ಈ ಕೋಚ್ ನನ್ನ ಪಕ್ಕದಲ್ಲಿ ನಿಂತು ಆಡಿದವನು. ಎಲ್ಲಿ ಕತ್ತರಿಸಿದೆಯೋ ಅಲ್ಲೇ ನೋಡುತ್ತಾನೆ."

"ಹಾಗಾದರೆ ಇದನ್ನೇ ಕಳುಹಿಸುವುದಾ?"

"ಇದನ್ನೇ."

ಕಾಕ ಕೌಂಟರಿನ ಹಿಂದಿನಿಂದ ನನ್ನನ್ನು ಕರೆದರು. "ಹೇಳು ಮಾರಾಯ ಅವನಿಗೆ. ಬೇಡ ಅಂತ ಹೇಳು. ಕುಂಟುವ ಮದುಮಗನನ್ನು ಕುರ್ಚಿಯಲ್ಲಿ ಕೂರಿಸಿ ತೆಗೆಯುವುದು, ನಡೆಸುವುದಲ್ಲ."

ನಾನು ಹೇಳಿದೆ. ಅವನಿಗೆ ಅದು ಹಿಡಿಸಿತು, ಕಾಕರ ಕಡೆ ಕೈಯೆತ್ತಿದ. ಆದರೆ ತೆಗೆದುಕೊಂಡು ಹೋದದ್ದು ಇಡೀ ಕ್ಯಾಸೆಟ್ಟಿನ ಕಾಪಿಯನ್ನೇ.

ಉತ್ತರಕ್ಕೆ ಎಷ್ಟು ದಿನ ಹಿಡಿಯಿತೋ ತಿಳಿಯದು. ಆ ನಡುವೆ ರಂಜಾನ್ ಬಂದುಹೋದ ಹಾಗೆ ನೆನಪು, ಅದು ಬೇರೆ ವರ್ಷದ ರಂಜಾನ್ ಇದ್ದರೂ ಇದ್ದೀತು. ನಾನು ಅಲ್ ಹಿಲಾಲ್‌ನ ನನ್ನ ರೂಮಿನಲ್ಲಿ ಮಲಗಿ, ಕಂಡರಿಯದ ಒಂದು ಪಟ್ಟಣದಲ್ಲಿ ಒಬ್ಬ ಅಪರಿಚಿತ ನನ್ನ ಕ್ಯಾಸೆಟ್ ನೋಡುತ್ತಿರುವುದನ್ನು ಕಲ್ಪಿಸಿಕೊಳ್ಳುತ್ತಿದ್ದೆ. ಕ್ಯಾಮೆರಾ ಒಮ್ಮೆ ಅಲುಗಿದ ಜಾಗ ಅವನಿಗೆ ಕಂಡೀತೇ ಎಂದು ಚಿಂತೆ. ನನ್ನ ಯಾವ ಮದುವೆಯನ್ನೂ ಯಾರೂ ಅಷ್ಟು ಕಣ್ಣಿಟ್ಟು ನೋಡಿರಲಿಕ್ಕಿಲ್ಲ.

ಕೊನೆಗೆ ಅವನು ಬಂದ. ಸ್ಟೂಲು ಎಳೆದುಕೊಂಡ.

"ಫೋನ್ ಮಾಡಿದ್ದ," ಎಂದ.

"ಏನಂದರು?"

"ಮೊದಲರ್ಧ ಎರಡು ಸಲ ನೋಡಿದನಂತೆ. ಎರಡನೆಯದು ಒಂದು ಸಲ."

ಅದು ಬೇಡ ಎಂಬ ಉತ್ತರವೆಂದು ಇಂಗ್ಲಿಷ್ ಹೆಚ್ಚು ಬಾರದ ಕಾಕರಿಗೂ ಅರ್ಥವಾಗಿತ್ತು. ಎದ್ದು ಹೋಗಿ ಪಕ್ಕದ ಹೋಟೆಲಿನವನಿಗೆ ಚಾ ಹೇಳಿ ಬಂದರು.

"ಅದರ ಮೇಲೆ ಹೆಚ್ಚೇನೂ ಹೇಳಲಿಲ್ಲ," ಅವನು ಮುಂದುವರಿಸಿದ. "ನೋವು ಯಾವಾಗಿನಿಂದ ಅಂತ ಕೇಳಿದ. ಆಪರೇಷನ್ ಆದ ಮಾರನೆಯ ದಿನದಿಂದ ಅಂದೆ. ಅವನ ಮಂಡಿಯದೂ ಹಾಗೇ ಆಗಿತ್ತಂತೆ, ಜೊತೆಗೆ ಆಡುವಾಗಲೇ. ನನಗೆ ಗೊತ್ತೇ ಇರಲಿಲ್ಲ. ಎರಡು ವರ್ಷ ಪಕ್ಕದಲ್ಲಿ ನಿಂತಿದ್ದೆ."

ಚಾ ಬಂತು. ಅವನು ಸಕ್ಕರೆ ಕದಡುತ್ತಾ ಕುಳಿತ. ಕ್ಲಬ್ಬಿನ ಋತು ಮುಗಿಯುವವರೆಗೆ ಇಲ್ಲಿ ಆಡುತ್ತಾನೆ, ಆಮೇಲೆ ಆಟವೇ ಖಲಾಸ್. ಊರಿನಲ್ಲಿ ಹೆಂಡತಿಯ ಅಣ್ಣನದು ಕುರ್ಚಿ ಕಾರ್ಖಾನೆ, ನೋಡಬೇಕು ಎಂದ. ಹೀಗೆ ಅವನು ಹೇಳಿದ ಧಾಟಿಯಲ್ಲಿ ದುಃಖವಿತ್ತು ಎಂದು ಬರೆಯುವುದು ಸುಲಭ. ಇತ್ತೋ ಏನೋ. ನನಗೆ ಕಂಡದ್ದು ಬೇಕಾದದ್ದಕ್ಕಿಂತ ಹೆಚ್ಚು ಹೊತ್ತು ತಿರುಗಿದ ಚಮಚ.

ಆಮೇಲೆ ಕೇಳಿದ: "ಕತ್ತರಿಸ್ತೀನಿ ಅಂದಿದ್ದೆಯಲ್ಲ?"

"ಹೌದು."

"ಮೊದಲರ್ಧದ್ದು ಮಾತ್ರ ಒಂದು ಕಾಪಿ ಮಾಡು. ಮಗಳಿಗೆ."

ನಮ್ಮಲ್ಲಿ ಉಳಿಸಿಕೊಂಡಿದ್ದ ಮೂಲ ಕ್ಯಾಸೆಟ್ ಹಾಕಿ ಎರಡು ಯಂತ್ರಗಳನ್ನು ಜೋಡಿಸಿದೆ. (ಆ ಮೂಲ ಈಗಿಲ್ಲ, ಮುಂದೆ ಅದರ ಮೇಲೆ ಕಾಕ ಯಾರದೋ ನಿಕಾಹ್ ತುಂಬಿಸಿದರು, ಅಂಗಡಿಯ ರೂಢಿ ಅದು. ಹಾಗಾಗಿ ನಾನು ಇಲ್ಲಿ ಬರೆದದ್ದನ್ನು ಯಾರೂ ಪರೀಕ್ಷಿಸಲಾರರು, ನಾನೂ ಕೂಡ.) ಅವನು ಆ ಸಂಜೆಯೂ ಹೋಗಲಿಲ್ಲ. ಬಲಗಾಲನ್ನು ಮುಂದೆ ಚಾಚಿ, ತನ್ನನ್ನು ತಾನು ನೋಡುತ್ತಾ ಕುಳಿತ. ಟಿವಿಯಲ್ಲಿ ಅವನು ಕೈ ತೋರಿಸಿದ, ಹಿಂದೆ ಸರಿದ, ಎರಡು ಬೆರಳು ಇಟ್ಟು ಕಾದ. ರೆಫರಿ ಅರ್ಧದ ಸೀಟಿ ಊದಿದ. ಆಟಗಾರರು ಹೊರಗೆ ನಡೆಯತೊಡಗಿದರು. ನನ್ನ ಬೆರಳು ಗುಂಡಿಯ ಮೇಲಿತ್ತು. ಅವನು ನಿಲ್ಲಿಸು ಎನ್ನಲಿಲ್ಲ, ನಾನೇ ನಿಲ್ಲಿಸಿದೆ.

ಕ್ಯಾಸೆಟ್ಟನ್ನು ಡಬ್ಬಿಗೆ ಹಾಕಿ ಕೊಡುವಾಗ ಕೇಳಿದೆ:

"ಮಗಳು ಇನ್ನರ್ಧ ಎಲ್ಲಿ ಅಂತ ಕೇಳಿದರೆ?"

ಅವನು ಯೋಚಿಸಿದ.

"ಕ್ಯಾಮೆರಾದವನ ಬ್ಯಾಟರಿ ಮುಗಿಯಿತು ಅಂತೀನಿ," ಎಂದ.

ಆಗಲಿ ಎಂದೆ.