ಗೇರಿಲ್ಲದ ಕಾರು, ಗೇರಿನ ಎಣ್ಣೆ

ಮಾವಿನಕುರ್ವೆಯ ಅಂಬಿಗರ ಸುಬ್ಬನ ಕಣ್ಣಿಗೆ ಗಾಡಿ ಓಡಿಸಲು ಬಾರದವರೆಲ್ಲ ಅರ್ಧ ಮನುಷ್ಯರು. ಬಾರದಿದ್ದರೂ ಗಾಡಿ ಇಟ್ಟುಕೊಂಡು ಮೆರೆಯುವವರನ್ನು ಅವನು ಆ ಅರ್ಧಕ್ಕೂ ಸೇರಿಸುತ್ತಿರಲಿಲ್ಲ. ಅವನಪ್ಪ ಶರಾವತಿಯಲ್ಲಿ ಜಂಗಲು ನಡೆಸುತ್ತಿದ್ದ. ಎರಡು ದೋಣಿ ಜೋಡಿಸಿ ಹಲಗೆ ಹಾಸಿದ ಆ ಜಂಗಲಿನ ಮೇಲೆಯೇ ಬಸ್ಸು, ಕಾರು ಎಲ್ಲ ಹೊಳೆ ದಾಟಬೇಕಿತ್ತು. ಸುಬ್ಬ ಹದಿನೆಂಟು ವರ್ಷ ತುಂಬುವವರೆಗೆ ಗಳ ಊರಿ ಜಂಗಲು ತಳ್ಳಿ, ಆಮೇಲೆ ಡ್ರೈವರನಾಗಿ ಬಸ್ಸು ಹತ್ತಿದ. ಯುದ್ಧದ ಕಾಲದಲ್ಲಿ ಇದ್ದಿಲಿನ ಗ್ಯಾಸಿನಿಂದ ಓಡುವ ಬಸ್ಸನ್ನು ನಾಲ್ಕು ವರ್ಷ ಕುಮಟಾ, ಹೊನ್ನಾವರ ಎಂದು ಎಳೆದಾಡಿದ. ಅಷ್ಟು ಮಸಿ ತಿಂದವನಿಗೆ ಒಂದಿಷ್ಟು ಸೊಕ್ಕಿದ್ದರೆ ಇರಲಿ ಬಿಡಿ.

ಇಂಥವನು ಕುಮಟೆಯ ಹೆಂಚಿನ ವ್ಯಾಪಾರಿ ರಮಾನಂದ ಶಾನಭಾಗರಿಗೆ ಡ್ರೈವರನಾದ. ನಲವತ್ತೊಂಬತ್ತನೇ ಇಸವಿಯಲ್ಲಿ ಶಾನಭಾಗರು ಮುಂಬಯಿಯಿಂದ ಅಮೇರಿಕದ ಕಾರೊಂದನ್ನು ತರಿಸಿದರು. ಕ್ಲಚ್ಚಿಲ್ಲ, ಗೇರನ್ನು ಅದೇ ಬದಲಾಯಿಸಿಕೊಳ್ಳುತ್ತದೆ. ತರಲು ಸುಬ್ಬನೂ ಹೋಗಿದ್ದ. ಅಲ್ಲಿಯ ಮೇಸ್ತ್ರಿ ಕಾಲಡಿಯ ಚಾಪೆ ಎತ್ತಿ, ಮುಚ್ಚಳ ತೆಗೆದು ಗೇರಿನ ಎಣ್ಣೆ ಅಳೆಯುವ ಒಂದು ಕಡ್ಡಿ ತೋರಿಸಿದ. ಗಾಡಿ ಸಮನೆಲದಲ್ಲಿರಬೇಕು, ಎಂಜಿನ್ ಬಿಸಿಯಾಗಿ ಓಡುತ್ತಿರಬೇಕು, ಆಗ ಕಡ್ಡಿ ಎಳೆದು, ಒರೆಸಿ, ಮತ್ತೆ ಅದ್ದಿ ನೋಡಬೇಕು. ಎಂಜಿನ್ ನಿಲ್ಲಿಸಿದರೆ ಮೇಲಿನ ಎಣ್ಣೆಯೆಲ್ಲ ಕೆಳಗಿಳಿದು, ಎಣ್ಣೆ ಸಾಕಷ್ಟಿದೆ ಎಂದು ಕಡ್ಡಿ ಸುಳ್ಳು ಹೇಳುತ್ತದೆ. ಇದನ್ನೆಲ್ಲ ಸುಬ್ಬ ಕೇಳಿಸಿಕೊಂಡ. ಶಾನಭಾಗರು ಆಗ ನೆರಳಲ್ಲಿ ಕೂತು ಸೋಡಾ ಕುಡಿಯುತ್ತಿದ್ದರು.

ಊರಿಗೆ ಬಂದು ಧಾರೇಶ್ವರದ ದಾರಿಯಲ್ಲಿ ಎರಡು ದಿನ ಸ್ಟೇರಿಂಗ್ ತಿರುಗಿಸಿದ ಶಾನಭಾಗರಿಗೆ ತಾವೇ ಡ್ರೈವರ್ ಎನಿಸಿಬಿಟ್ಟಿತು. ಸುಬ್ಬನ ಕೆಲಸಕ್ಕೆ ಕುತ್ತು ಬಂತು. ಒಂದು ಬೆಳಿಗ್ಗೆ ಇಳಿಜಾರಿನ ಅಂಗಳದಲ್ಲಿ, ಎಂಜಿನ್ ತಣ್ಣಗಿರುವಾಗಲೇ ಅವರು ಕಡ್ಡಿ ಎಳೆದು ನೋಡುತ್ತಿದ್ದರು. ಕಾರಿನಡಿ ಎಣ್ಣೆಯ ಕಲೆ ಬಿದ್ದಿತ್ತು.

"ಎಂಜಿನ್ ಚಾಲೂ ಮಾಡಿ ನೋಡ್ಬೇಕು, ಒಡೆಯ," ಎಂದ ಸುಬ್ಬ.

"ರೇಶನ್ ಪೆಟ್ರೋಲಿನ ಕೂಪನ್ನು ನಿನ್ನಪ್ಪ ಕೊಡ್ತನಾ? ಬಸ್ಸಿನ ಎಣ್ಣೆ ನೀನು ನಿಲ್ಸೇ ನೋಡ್ತಿದ್ದೆ."

"ಅದು ಎಂಜಿನ್ನಿನ ಎಣ್ಣೆ. ಇದು ಗೇರಿನ ಎಣ್ಣೆ."

ಶಾನಭಾಗರು ಹೊಟ್ಟೆ ಕುಣಿಸಿ ನಕ್ಕರು. "ಗೇರೇ ಇಲ್ದ ಗಾಡಿಗೆ ಗೇರಿನ ಎಣ್ಣೆ ಎಂತಕ್ಕೋ? ಗೇರೆಣ್ಣೆ ಬಳಿಯೂದು ದೋಣಿಗೆ. ಹೋಗು, ಅದನ್ನೇ ಬಳಿ."

ಗೋಡಂಬಿ ಸಿಪ್ಪೆಯಿಂದ ತೆಗೆದ ಗೇರೆಣ್ಣೆಯನ್ನು ಅಂಬಿಗರು ಹುಳು ಹಿಡಿಯದಂತೆ ದೋಣಿಗೆ ಬಳಿಯುವುದು ನಿಜವೇ. ಆದರೆ ಜಾತಿ ಎತ್ತಿ ಆಡಿದ ಆ ಮಾತು ಸುಬ್ಬನ ಎದೆಗೆ ನಾಟಿತು. ಅಂದೇ ಕೆಲಸವೂ ಹೋಯಿತು. ಅವನು ಮತ್ತೆ ಜಂಗಲಿನ ಗಳ ಹಿಡಿದ. ದಿನಾ ಬಸ್ಸುಗಳು ದಾಟುವಾಗ ಸ್ಟೇರಿಂಗು ಕಂಡರೆ ಅವನ ಅಂಗೈ ತುರಿಸುತ್ತಿತ್ತು.

ತಿಂಗಳೊಳಗೆ ಶಾನಭಾಗರು ಹೆಂಡತಿ ಮಕ್ಕಳನ್ನು ಕೂರಿಸಿಕೊಂಡು ಭಟ್ಕಳದ ಮದುವೆಗೆ ಹೊರಟು ಅದೇ ಜಂಗಲು ಹತ್ತಿದರು. ಹೊಳೆ ದಾಟಿ ಜಂಗಲಿನಿಂದ ದಂಡೆಯ ಏರು ಹತ್ತಿಸಬೇಕಾದಾಗ ಎಂಜಿನ್ ಊರೆಲ್ಲ ಕೇಳುವಂತೆ ಕೂಗಿತು. ಚಕ್ರ ಮಾತ್ರ ಅಲ್ಲಾಡಲಿಲ್ಲ. ಆಚೆ ದಂಡೆಯಲ್ಲಿ ಎರಡು ಬಸ್ಸಿನ ಜನ ಜಂಗಲಿಗೆ ಕಾಯುತ್ತಿದ್ದರು.

"ಎಂತ ಆತು ನೋಡೋ, ಸುಬ್ಬ."

"ಎಂಜಿನ್ ನಿಲ್ಸಬೇಡಿ. ಕಡ್ಡಿ ನೀವೇ ತೆಗೀರಿ."

ಜರಿ ಶಲ್ಯದಲ್ಲಿ ಕಡ್ಡಿ ಒರೆಸಿ, ಅದ್ದಿ, ಎತ್ತಿದರು. ಕಡ್ಡಿ ಒಣಗಿತ್ತು. ಶಾನಭಾಗರ ದನಿ ಇಳಿಯಿತು. "ಆತು ಮಾರಾಯ. ನಾಳೆಯಿಂದ ನೀನೇ ಬಾ."

ಸ್ಟೇರಿಂಗು ಕೈಯಳತೆಯಲ್ಲಿತ್ತು. ಸುಬ್ಬನಿಗೆ ಅದು ಬೇಕಿತ್ತು, ತುಂಬ ಬೇಕಿತ್ತು. ಅವನು ದೋಣಿಯ ಮೂಲೆಯಲ್ಲಿದ್ದ ಕಪ್ಪು ಡಬ್ಬಿಯನ್ನು ತಂದು ಕಾರಿನ ಮೂತಿಯ ಮೇಲಿಟ್ಟ.

"ಗೇರೆಣ್ಣೆ, ಒಡೆಯ. ಬಳ್ಕೊಳ್ಳಿ," ಎಂದು ಹೇಳಿ, ಕಾರನ್ನು ಎಳೆಸಲು ಎತ್ತು ತರಿಸಹೋದ.