ರತ್ನಾಕಾಕಿಯ ಕಾಫಿ ರಮ್ಮು

ಯಾರ ಜೊತೆ ಮಾತಿಗೆ ನಿಂತರೂ ರತ್ನಾಕಾಕಿಯ ಬಲಗೈ ಒಂದು ಕರಿ ಬಾಟಲಿಯನ್ನು ಕುಲುಕುತ್ತಲೇ ಇರುತ್ತಿತ್ತು. ನಮ್ಮೂರು ಖಜೂರಿಯಲ್ಲಿ ಆಕೆ ನಮ್ಮ ಪಕ್ಕದ ಮನೆಯವಳು. ಹರೆಯದಲ್ಲಿ ಪುಣೆಯ ಒಂದು ದೊಡ್ಡ ಮನೆಯಲ್ಲಿ ಅಡುಗೆಗಿದ್ದಾಗ ಕಾಫಿಯ ಮದ್ಯ ಮಾಡುವುದನ್ನು ಕಲಿತು ಬಂದಿದ್ದಳು. ಗಟ್ಟಿ ಡಿಕಾಕ್ಷನ್, ಸಕ್ಕರೆ ಪಾಕ, ಏಲಕ್ಕಿ, ಮೇಲೆ ರಮ್ಮು. ಬಾಟಲಿಗೆ ತುಂಬಿ, ಜೋಳದ ಚೀಲಗಳ ಹಿಂದೆ ಕತ್ತಲಲ್ಲಿಟ್ಟು, ದಿನಾ ಹೊರತೆಗೆದು ಕುಲುಕಬೇಕು. ನಮ್ಮೂರಿಗೆ ಚಹಾ ಬಿಟ್ಟರೆ ಬೇರೇನೂ ಗೊತ್ತಿಲ್ಲ. ಕಾಫಿಪುಡಿ ಆಳಂದದಿಂದ ತರಿಸುತ್ತಿದ್ದಳು.

ಎಲ್ಲ ಗಂಡನಿಗಾಗಿ. ಲಾರಿ ಓಡಿಸುವ ಭೀಮಣ್ಣಕಾಕಾ ಢಾಬಾದಲ್ಲಿ ಕುಡಿದೇ ಸ್ಟೀರಿಂಗ್ ಹಿಡಿಯುತ್ತಿದ್ದ. "ಕುಡಿಯೂದೇ ಇದ್ರ ಮನ್ಯಾಗ ಕುಡೀರಿ, ನಾ ಕೊಡ್ತೇನಿ" ಎಂದು ಗದರಿ, ಸಂಜೆಗೊಂದು ಲೋಟ ಕೊಡತೊಡಗಿದಳು. ಕಾಕಾ ಢಾಬಾ ಬಿಟ್ಟ. ಆಮೇಲೆ ಶುರುವಾಯಿತು ನೋಡಿ ಆಕೆಯ ಕಿತಾಪತಿ! ಸಲದಿಂದ ಸಲಕ್ಕೆ ರಮ್ಮು ಕಡಿಮೆ, ಕಾಫಿ ಹೆಚ್ಚು. ಕೊನೆಗೆ ಬಾಟಲಿಯಲ್ಲಿ ಒಂದು ಹನಿಯೂ ರಮ್ಮಿರಲಿಲ್ಲ. ಕಾಕಾ ಮಾತ್ರ ಅದನ್ನೇ ಕುಡಿದು, ತೂರಾಡಿ, ಗೋಡೆ ಹಿಡಿದು ಒಳಗೆ ಹೋಗುತ್ತಿದ್ದ. "ನಶಾ ಏರೇದ ನೋಡ್ ಬೇ" ಎಂದು ಕಾಕಿ ನನ್ನ ಕಿವಿಯಲ್ಲಿ ಪಿಸುಗುಟ್ಟಿ, ಸೆರಗು ಬಾಯಿಗಿಟ್ಟು ನಗುತ್ತಿದ್ದಳು.

ಒಂದು ಚಳಿಗಾಲ ಕಾಕಾ ಎದೆ ಹಿಡಿದುಕೊಂಡು ಕೂತವನು ಹಾಗೇ ಹೋಗಿಬಿಟ್ಟ. ಕಾಕಿ ಬಾಟಲಿ ಬಿಡಲಿಲ್ಲ. ದೀಪ ಹಚ್ಚುವ ಹೊತ್ತಿಗೆ ಅವನ ಲೋಟ ತುಂಬಿ ಮನೆಮುಂದಿನ ಕಟ್ಟೆಯ ಮೇಲಿಡುವಳು. ಬೆಳಿಗ್ಗೆ ಲೋಟ ಖಾಲಿ. ಬೆಕ್ಕಿನ ಕೆಲಸ ಎಂದು ನನಗೆ ನಾನೇ ಹೇಳಿಕೊಳ್ಳುತ್ತಿದ್ದೆ. ಆದರೂ ಆ ಕಟ್ಟೆಯ ಮುಂದೆ ಹಾಯುವಾಗ ಹೆಜ್ಜೆ ಬಿರುಸಾಗುತ್ತಿತ್ತು. "ದಿನಾ ಬರ್ತಾರ. ಒಂದ್ ಮಾತೂ ಆಡಂಗಿಲ್ಲ. ಬರೇ ಕಾಫಿ ಕುಡ್ಸಿ ಮೋಸ ಮಾಡೀನಿ ಅಂತ ಸಿಟ್ಟಾಗ್ಯಾರ" ಎನ್ನುವಳು. ಊಟ ಬಿಟ್ಟಳು. ಕಣ್ಣು ಗುಳಿಬಿದ್ದವು.

ನೋಡಿ ನೋಡಿ ಒಂದು ಸಂಜೆ ಆಕೆಯ ಪಕ್ಕ ಹೋಗಿ ಕೂತೆ. ಕಾಕಾ ಬದುಕಿದ್ದಾಗ ನನ್ನಿಂದ ಒಂದು ಆಣೆ ಮಾಡಿಸಿಕೊಂಡಿದ್ದ, ಅದನ್ನು ಮುರಿದೆ.

"ಕಾಕಿ, ಕಾಕಾಗ ಎಲ್ಲಾ ಗೊತ್ತಿತ್ರಿ. 'ಇದು ಬರೇ ಕಾಫಿ ಅದ ಬೇ, ಆಕಿಗಿ ಹೇಳಬ್ಯಾಡ, ಗೆದ್ದೇನಿ ಅಂತ ಖುಷಿ ಅದಾಳ' ಅಂದಿದ್ರು. ಬೇಕಂತಲೇ ತೂರಾಡ್ತಿದ್ರು."

ಕಾಕಿ ಅತ್ತಳು, ನಕ್ಕಳು, ಕಟ್ಟೆಯ ಕಡೆ ತಿರುಗಿ "ಎಲಾ ಮುದುಕಾ!" ಎಂದು ಬೈದಳು. ಮುಂದೆ ಕೆಲವೇ ದಿನಗಳಲ್ಲಿ ಆಕೆಯೂ ತೀರಿದಳು. ಆಣೆ ಮುರಿದ ಆ ಸಂಜೆಯೇ ನಾನು ಆಕೆಯನ್ನು ಕಂಡ ಕೊನೆಯ ಸಂಜೆ. ಹೊರಟ ನನ್ನನ್ನು ಸೆರಗು ಜಗ್ಗಿ ನಿಲ್ಲಿಸಿದ್ದಳು.

"ಲಾರಿಯವ್ರ ಕಡಿಂದ ಒಂದ್ ಬಾಟ್ಲಿ ಖರೇ ರಮ್ ತರಿಸಿ ಕೊಡು ಬೇ. ಇನ್ನ ಅವರೇನು ಗಾಡಿ ಓಡ್ಸೂದದ?"